ಮೂಕಿ ಚಿತ್ರದ ಹಳ್ಳಿಗ ಅಷ್ಟು ಜೋರಾಗಿ ಓಡುತ್ತಿರಲಿಲ್ಲ

ಮಾನ್ಯ ಸಂಪಾದಕರೇ,

ಮೂಕಿ ಕಾಲದ ಹಾಸ್ಯಚಿತ್ರಗಳ ಬಗ್ಗೆ ನಿಮ್ಮ ಸಿನಿಮಾ ಪುರವಣಿಯಲ್ಲಿ ಬಂದ ಬರಹ ಓದಿದೆವು. ಹಳ್ಳಿಯಿಂದ ಪಟ್ಟಣಕ್ಕೆ ಬಂದವನನ್ನು ಪೆದ್ದನನ್ನಾಗಿ ಮಾಡಿ ಪೇಟೆಯವರನ್ನು ನಗಿಸುವುದಷ್ಟೇ ಆ ಚಿತ್ರಗಳ ಉದ್ದೇಶವಾಗಿತ್ತು ಎಂದು ಅದರಲ್ಲಿದೆ. 1901–02ರ ಚಿತ್ರಗಳ ಮಟ್ಟಿಗೆ ಈ ಮಾತು ಒಪ್ಪತಕ್ಕದ್ದೇ. 1920ರ ದಶಕದ ಚಿತ್ರಗಳಿಗೆ ಮಾತ್ರ ಖಂಡಿತ ಒಪ್ಪುವುದಿಲ್ಲ. ಹಾಗನ್ನಿಸಿದ್ದರಲ್ಲಿ ಬರೆದವರ ತಪ್ಪೇನೂ ಇಲ್ಲ. ಈ ಚಿತ್ರಗಳನ್ನು ಈಗ ನಮಗೆ ತೋರಿಸುತ್ತಿರುವ ರೀತಿಯೇ ಹಾಗಿದೆ. ವೇಗ ಹೆಚ್ಚಿಸಿ, ಚೌಕಟ್ಟಿನ ಮೇಲೆ ಕೆಳಗೆ ಕತ್ತರಿಸಿ, ನಡುನಡುವೆ ಬರುವ ಬರಹದ ಕಾರ್ಡುಗಳನ್ನು ಯಾರಿಗೂ ಅರ್ಥವಾಗದಂತೆ ಬಿಟ್ಟು ತೋರಿಸಿದರೆ ಎಂಥ ಜಾಣ ನಾಯಕನೂ ಕೋಡಂಗಿಯಾಗಿಯೇ ಕಾಣುತ್ತಾನೆ. ಶಾಲಾ ಕಾಲೇಜುಗಳಲ್ಲಿ, ಚಿತ್ರಸಮಾಜಗಳಲ್ಲಿ ಇವನ್ನು ತೋರಿಸಲು ಹೊರಟವರಿಗೆ ಉಪಯೋಗಕ್ಕೆ ಬರಲಿ ಎಂದು ಸ್ವಲ್ಪ ವಿವರವಾಗಿಯೇ ಬರೆಯುತ್ತಿದ್ದೇವೆ.

ಹಳೆಯ ಗೇಲಿ ಹೇಗಿತ್ತು ಎನ್ನುವುದು ಮೊದಲು. ಇಂಗ್ಲೆಂಡಿನ ರಾಬರ್ಟ್ ಪಾಲ್ 1901ರಲ್ಲಿ ‘ದಿ ಕಂಟ್ರಿಮನ್ ಅಂಡ್ ದಿ ಸಿನಿಮ್ಯಾಟೊಗ್ರಾಫ್’ ಎಂಬ ಪುಟ್ಟ ಚಿತ್ರ ತೆಗೆದರು. ತೆರೆಯ ಮೇಲೆ ಕುಣಿಯುವವಳನ್ನು ಕಂಡು ಹಳ್ಳಿಗ ತಾನೂ ಕುಣಿಯುತ್ತಾನೆ, ರೈಲು ಬಂದರೆ ಎದ್ದೆನೋ ಬಿದ್ದೆನೋ ಎಂದು ಓಡುತ್ತಾನೆ. ಮರುವರ್ಷ ಅಮೆರಿಕದಲ್ಲಿ ಎಡಿಸನ್ ಕಂಪನಿಗಾಗಿ ಎಡ್ವಿನ್ ಪೋರ್ಟರ್ ಅದೇ ಕಥೆಯನ್ನು ‘ಅಂಕಲ್ ಜಾಶ್ ಅಟ್ ದಿ ಮೂವಿಂಗ್ ಪಿಕ್ಚರ್ ಶೋ’ ಎಂದು ಮತ್ತೆ ತೆಗೆದರು. ಅಲ್ಲಿ ಜಾಶ್ ಮಾವ ಕೊನೆಗೆ ತೆರೆಯನ್ನೇ ಕಿತ್ತು ಹಾಕಿ, ಅದರ ಹಿಂದೆ ಯಂತ್ರ ನಡೆಸುತ್ತಿದ್ದವನ ಜೊತೆ ಹೊಡೆದಾಟಕ್ಕೆ ಇಳಿಯುತ್ತಾನೆ. ನೋಡುವವರೂ ಸಿನಿಮಾಕ್ಕೆ ಹೊಸಬರೇ ಆಗಿದ್ದ ಕಾಲ ಅದು. ತೆರೆಯ ಮುಂದೆ ಹೇಗೆ ಕೂರಬಾರದು ಎಂಬ ಪಾಠವೂ ಆ ನಗುವಿನೊಳಗೇ ಸೇರಿತ್ತು.

ಇವಕ್ಕಿಂತ ಕಟುವಾದದ್ದು ಎಡಿಸನ್ ಕಂಪನಿಯದೇ 1901ರ ‘ಅನದರ್ ಜಾಬ್ ಫಾರ್ ದಿ ಅಂಡರ್‌ಟೇಕರ್’. ಹೋಟೆಲಿನ ಕೋಣೆ. ಗೋಡೆಯ ಮೇಲೆ ‘ಗ್ಯಾಸ್ ದೀಪವನ್ನು ಊದಿ ಆರಿಸಬೇಡಿ’ ಎಂಬ ಅರ್ಥದ ಫಲಕ. ಹಳ್ಳಿಗ ದೀಪವನ್ನು ಉಫ್ ಎಂದು ಊದಿ ಮಲಗುತ್ತಾನೆ. ಮುಂದಿನ ದೃಶ್ಯದಲ್ಲಿ ಅವನ ಶವಯಾತ್ರೆ. ಇಷ್ಟೇ ಚಿತ್ರ. ಇಂದಿನ ಪ್ರೇಕ್ಷಕರಿಗೆ ಇದರ ತಲೆಬುಡ ತಿಳಿಯುವುದಿಲ್ಲ, ಆದ್ದರಿಂದ ತೋರಿಸುವ ಮುನ್ನ ಎರಡು ಮಾತು ಹೇಳಲೇಬೇಕು. ಹಳ್ಳಿಯ ಮನೆಯಲ್ಲಿದ್ದದ್ದು ಸೀಮೆಎಣ್ಣೆ ದೀಪ ಇಲ್ಲವೇ ಮೇಣದಬತ್ತಿ. ಊದಿದರೆ ಅಲ್ಲಿಗೆ ಮುಗಿಯಿತು. ಹೋಟೆಲಿನ ಗ್ಯಾಸ್ ದೀಪಕ್ಕೆ ಕೊಳವೆಯ ಮೇಲೊಂದು ತಿರುಪು ಇರುತ್ತದೆ, ಆರಿಸಲು ಅದನ್ನೇ ತಿರುಗಿಸಬೇಕು. ಊದಿದರೆ ಉರಿ ಆರುತ್ತದೆ, ಗ್ಯಾಸು ಬರುತ್ತಲೇ ಇರುತ್ತದೆ. ಆಗಿನ ಕಲ್ಲಿದ್ದಲ ಗ್ಯಾಸಿನಲ್ಲಿ ಕಾರ್ಬನ್ ಮಾನಾಕ್ಸೈಡ್ ಬೆರೆತಿರುತ್ತಿತ್ತು. ಮುಚ್ಚಿದ ಕೋಣೆಯಲ್ಲಿ ಅದು ನಿದ್ದೆಯಲ್ಲೇ ಪ್ರಾಣ ತೆಗೆಯುತ್ತದೆ. ಹಾಗೆ ಸತ್ತವರು ನಿಜವಾಗಿಯೂ ಇದ್ದರು, ಫಲಕ ಹಾಕುತ್ತಿದ್ದುದೂ ಅದಕ್ಕೇ. ಇಲ್ಲಿ ಹಳ್ಳಿಗನಿಗೆ ಹೆಸರಿಲ್ಲ, ಮುಖದಲ್ಲಿ ಭಾವವಿಲ್ಲ, ಊರಲ್ಲಿ ಅವನಿಗಾಗಿ ಕಾಯುವವರಿಲ್ಲ. ಪುರವಣಿಯ ಬರಹ ದೂರುವ ಗೇಲಿ ಇದೇ, ಆ ದೂರಿನಲ್ಲಿ ನಾವೂ ಜೊತೆಗಿದ್ದೇವೆ.

ಆಮೇಲೆ ಗಾಳಿ ಬದಲಾಯಿತು. 1914ರ ‘ಟಿಲ್ಲೀಸ್ ಪಂಕ್ಚರ್ಡ್ ರೊಮಾನ್ಸ್’ನಲ್ಲಿ ಹೊಲಮನೆಯ ಹುಡುಗಿ ಟಿಲ್ಲಿಗೆ (ನಟಿ ಮೇರಿ ಡ್ರೆಸ್ಲರ್) ಟೋಪಿ ಹಾಕುವ ಪಟ್ಟಣದ ಠಕ್ಕ ಚಾರ್ಲಿ ಚಾಪ್ಲಿನ್. ಆರು ರೀಲಿನ ಆ ಚಿತ್ರದಲ್ಲಿ ಟಿಲ್ಲಿ ಎಡವಟ್ಟು ಮಾಡಿಕೊಳ್ಳುತ್ತಾಳೆ, ನಿಜ. ಆದರೆ ಕೆಟ್ಟವನು ಯಾರು ಎಂಬ ಬಗ್ಗೆ ಯಾರಿಗೂ ಅನುಮಾನ ಉಳಿಯುವುದಿಲ್ಲ. 1920ರ ಜನಗಣತಿಯಲ್ಲಿ ಅಮೆರಿಕದ ಪಟ್ಟಣವಾಸಿಗಳ ಪಾಲು ಮೊದಲ ಬಾರಿಗೆ ಅರ್ಧ ದಾಟಿ ಶೇ 51.2 ಆಯಿತು. ಅಂದರೆ ಟಿಕೆಟ್ ಕೊಂಡು ಒಳಗೆ ಬಂದು ಕೂತವರಲ್ಲೇ ಎಷ್ಟೋ ಮಂದಿ ಊರು ಬಿಟ್ಟು ಬಂದವರು, ಊರಿಗೆ ಕಾಗದ ಬರೆಯುತ್ತಿದ್ದವರು. ಇಂಥವರ ಎದುರು ಹಳ್ಳಿಗನನ್ನು ಬರೀ ಗುಗ್ಗುವನ್ನಾಗಿ ತೋರಿಸಿದರೆ ನಡೆಯುವಂತಿರಲಿಲ್ಲ.

1923ರ ‘ಸೇಫ್ಟಿ ಲಾಸ್ಟ್’ ತೆಗೆದುಕೊಳ್ಳಿ. ನಿರ್ದೇಶಕರು ಫ್ರೆಡ್ ನ್ಯೂಮೇಯರ್ ಮತ್ತು ಸ್ಯಾಮ್ ಟೇಲರ್, ನಾಯಕ ಹ್ಯಾರಲ್ಡ್ ಲಾಯ್ಡ್. ಮೊದಲ ದೃಶ್ಯದಲ್ಲಿ ಲಾಯ್ಡ್ ಸರಳುಗಳ ಹಿಂದೆ ನಿಂತಿದ್ದಾನೆ, ಹಿಂದೆ ನೇಣಿನ ಕುಣಿಕೆ ತೂಗುತ್ತಿದೆ, ತಾಯಿ ಕಣ್ಣೊರೆಸಿಕೊಳ್ಳುತ್ತಿದ್ದಾಳೆ. ಗಲ್ಲಿಗೆ ಹೊರಟ ಕೈದಿ ಎಂದುಕೊಳ್ಳುವಷ್ಟರಲ್ಲಿ ನೋಟ ಬದಲಾಗುತ್ತದೆ. ಸರಳುಗಳು ರೈಲು ನಿಲ್ದಾಣದ ಬೇಲಿ. ಕುಣಿಕೆಯೆಂದರೆ, ನಿಲ್ಲದೆ ಸಾಗುವ ರೈಲಿನ ಸಿಬ್ಬಂದಿಗೆ ಆದೇಶದ ಚೀಟಿ ದಾಟಿಸಲು ಹಳಿಯ ಪಕ್ಕದಲ್ಲಿ ತೂಗುಹಾಕಿದ ಬಳೆ. ಹುಡುಗ ಗ್ರೇಟ್ ಬೆಂಡ್ ಎಂಬ ಊರಿನಿಂದ ಪಟ್ಟಣಕ್ಕೆ ದುಡಿಯಲು ಹೊರಟಿದ್ದಾನೆ. ಊರು ಬಿಡುವಾಗಿನ ಸಂಕಟವನ್ನೂ ಮುಂದೆ ಕಾದಿರುವುದನ್ನೂ ಒಂದೇ ನೋಟದಲ್ಲಿ ಹೇಳಿದ ಈ ಜಾಣ್ಮೆ ಮಾತಿನ ಚಿತ್ರಗಳಲ್ಲೂ ಅಪರೂಪ. ಆದರೆ ಹಿಂದಿನ ಕುಣಿಕೆ ಪ್ರೇಕ್ಷಕನ ಕಣ್ಣಿಗೆ ಬೀಳದಿದ್ದರೆ ಇಡೀ ಆಟ ಹಾಳು.

ಪಟ್ಟಣದಲ್ಲಿ ಅವನಿಗೆ ಸಿಕ್ಕಿದ್ದು ದೊಡ್ಡ ಅಂಗಡಿಯೊಂದರ ಬಟ್ಟೆ ಕೌಂಟರಿನ ಕೆಲಸ. ಮೈಮೇಲೆ ಬೀಳುವ ಗಿರಾಕಿಗಳ ನಡುವೆ ಕೋಟು ಹರಿಯುತ್ತದೆ. ಬಾಡಿಗೆ ಬಾಕಿ. ಮನೆಯೊಡತಿ ಬಾಗಿಲು ತಟ್ಟಿದಾಗ ಅವನೂ ಕೋಣೆಯ ಗೆಳೆಯನೂ ಗೋಡೆಯ ಗೂಟಕ್ಕೆ ತೂಗುಹಾಕಿದ ಕೋಟುಗಳೊಳಗೆ ಕಾಲು ಮಡಚಿ ನೇತಾಡಿ ಅಡಗುತ್ತಾರೆ. ಊರಿನ ಹುಡುಗಿಗೆ ಸರ ಕೊಳ್ಳಲು ಜೇಬಿನ ಕಾಸು ಎಣಿಸಿ ಕೊಡುವಾಗ, ಅವನ ಮಧ್ಯಾಹ್ನದ ಊಟದ ತಟ್ಟೆಗಳು ಕಣ್ಣೆದುರೇ ಒಂದೊಂದಾಗಿ ಮಾಯವಾಗುತ್ತವೆ. ಹಸಿವನ್ನು ಇಷ್ಟು ಸರಳವಾಗಿ ತೋರಿಸಿದ್ದನ್ನು ಕಂಡು ನಗು ಬರುತ್ತದೆ, ಗಂಟಲೂ ಕಟ್ಟುತ್ತದೆ. ಊರಿಗೆ ಬರೆದ ಕಾಗದದಲ್ಲಿ ಮಾತ್ರ ತಾನು ದೊಡ್ಡ ಹುದ್ದೆಯಲ್ಲಿದ್ದೇನೆ ಎಂದಿದ್ದಾನೆ. ಅದನ್ನು ನಂಬಿ ಹುಡುಗಿ ಬಂದೇಬಿಡುತ್ತಾಳೆ. ಅಂಗಡಿಗೆ ಜನ ಸೇರಿಸಿದವರಿಗೆ 1,000 ಡಾಲರ್ ಎಂದು ಮ್ಯಾನೇಜರ್ ಹೇಳಿದ್ದು ಇವನ ಕಿವಿಗೆ ಬೀಳುತ್ತದೆ. ಗೋಡೆ ಹತ್ತಬಲ್ಲ ಗೆಳೆಯನಿಗೆ ಅರ್ಧ ಕೊಡುತ್ತೇನೆಂದು ಒಪ್ಪಿಸುತ್ತಾನೆ, ಪೊಲೀಸನೊಬ್ಬ ಗೆಳೆಯನ ಬೆನ್ನು ಬಿಡುವುದಿಲ್ಲ, ಕೊನೆಗೆ 12 ಅಂತಸ್ತನ್ನು ತಾನೇ ಹತ್ತಬೇಕಾಗುತ್ತದೆ. ಇದರಲ್ಲಿ ಹಳ್ಳಿಯ ದಡ್ಡತನ ಎಲ್ಲಿದೆ, ಹೇಳಿ. ಪಟ್ಟಣ ಅವನಿಂದ ಏನೇನು ಕೇಳುತ್ತದೋ ಅದನ್ನೆಲ್ಲ ಅವನು ಅಕ್ಷರಶಃ ಮಾಡುತ್ತಿದ್ದಾನೆ.

ಹತ್ತುವಾಗ ಅವನು ಗೋಡೆಯ ದೊಡ್ಡ ಗಡಿಯಾರದ ಮುಳ್ಳಿಗೆ ಜೋತುಬೀಳುತ್ತಾನಲ್ಲ, ಆ ದೃಶ್ಯ ತೆಗೆದ ಬಗೆ ತಿಳಿದರೆ, ಚೌಕಟ್ಟನ್ನು ಏಕೆ ಮುಟ್ಟಬಾರದು ಎನ್ನುವುದೂ ತಿಳಿಯುತ್ತದೆ. ಲಾಸ್ ಏಂಜಲಿಸ್‌ನ ನಿಜವಾದ ಕಟ್ಟಡಗಳ ತಾರಸಿಯ ಮೇಲೆ ಗೋಡೆಯ ಒಂದು ಭಾಗದ ಸೆಟ್ ಕಟ್ಟಿದರು. ಕಥೆಯಲ್ಲಿ ಅವನು ಮೇಲೆ ಹೋದಂತೆಲ್ಲ ಸೆಟ್ಟನ್ನು ಇನ್ನೂ ಎತ್ತರದ ಕಟ್ಟಡದ ತಾರಸಿಗೆ ಸಾಗಿಸಿದರು. ಕ್ಯಾಮೆರಾವನ್ನು ಅಟ್ಟಣೆಯ ಮೇಲೆ ಎತ್ತರಕ್ಕೇರಿಸಿ, ತಾರಸಿ ಕಾಣದಂತೆ, ಹಿಂದಿನ ಬೀದಿ ಮಾತ್ರ ಕಾಣುವಂತೆ ಕೋನ ಹೊಂದಿಸಿದರು. ಬಿದ್ದರೆ ಹಿಡಿಯಲು ಕೆಳಗೆ ಹಾಸಿಗೆ ಹಾಸಿದ ಜಗಲಿ ಇತ್ತು, ಅದು ಚೌಕಟ್ಟಿನ ಹೊರಗೇ ಉಳಿಯಿತು. ಹಿನ್ನೆಲೆಯಲ್ಲಿ ಓಡಾಡುವ ಟ್ರಾಮು, ಕಾರು, ಜನ ಎಲ್ಲ ಆ ಹೊತ್ತಿನ ನಿಜವಾದ ಬೀದಿಯವು. ದೂರದಿಂದ ಇಡೀ ಕಟ್ಟಡ ಕಾಣುವ ಶಾಟ್‌ಗಳಲ್ಲಿ ಗೋಡೆ ಹತ್ತಿದವರು ಬಿಲ್ ಸ್ಟ್ರದರ್. ಅದು ಅವರ ನಿಜ ಕಸುಬು, ಚಿತ್ರದಲ್ಲಿ ಗೆಳೆಯನ ಪಾತ್ರವೂ ಅವರದೇ. ಹತ್ತಿರದ ಶಾಟ್‌ಗಳಲ್ಲಿ ಜೋತುಬಿದ್ದವರು ಲಾಯ್ಡ್. 1919ರಲ್ಲಿ ಹುಸಿ ಬಾಂಬೆಂದುಕೊಂಡದ್ದು ಕೈಯಲ್ಲೇ ಸಿಡಿದು ಅವರ ಬಲಗೈಯ ಹೆಬ್ಬೆರಳು ಮತ್ತು ತೋರುಬೆರಳು ಹೋಗಿದ್ದವು. ಅದು ಕಾಣದಂತೆ ಕೃತಕ ಬೆರಳಿನ ಕೈಗವಸು ತೊಡುತ್ತಿದ್ದರು. ಆ ಮುಳ್ಳನ್ನು ಹಿಡಿದದ್ದು ಎಂಟು ಬೆರಳು.

ಈಗ ಇದನ್ನು 16:9ರ (ಅಗಲ 16 ಪಾಲು, ಎತ್ತರ 9 ಪಾಲು) ಟೀವಿ ತುಂಬುವಂತೆ ‘ಜೂಮ್’ ಹಾಕಿ ನೋಡಿ. ಮೂಕಿ ಚಿತ್ರದ ಚೌಕಟ್ಟು ಸುಮಾರು 1.33:1, ಅಂದರೆ 4:3. ಅಗಲದ ತೆರೆಗೆ ಹಿಗ್ಗಿಸಿದರೆ ಎತ್ತರದಲ್ಲಿ ನಾಲ್ಕನೇ ಒಂದು ಭಾಗ ಹೋಗುತ್ತದೆ. ಹೋಗುವುದು ಯಾವುದು? ಕೆಳಗಿನ ಬೀದಿ. ಬೀದಿ ಕಾಣದಿದ್ದರೆ ಎತ್ತರವಿಲ್ಲ, ಎತ್ತರವಿಲ್ಲದಿದ್ದರೆ ಭಯವಿಲ್ಲ. ಉಳಿಯುವುದು ಗಡಿಯಾರ ಹಿಡಿದು ಒದ್ದಾಡುವ ಒಬ್ಬ ಮನುಷ್ಯ ಮಾತ್ರ. ಕತ್ತರಿಸದೆ ‘ಸ್ಟ್ರೆಚ್’ ಮಾಡಿದರೆ ಎಲ್ಲರೂ ಮೂರನೇ ಒಂದು ಪಾಲು ದಪ್ಪವಾಗುತ್ತಾರೆ. ಪ್ರೊಜೆಕ್ಟರಿನ ಸೆಟ್ಟಿಂಗಿನಲ್ಲಿ 4:3 ಆರಿಸಿ, ಎರಡೂ ಬದಿ ಕಪ್ಪಾಗಿರಲಿ ಬಿಡಿ. ಇನ್ನೊಂದು ಕಳವು ಕಣ್ಣಿಗೆ ಬೀಳದಂಥದ್ದು. ಟಾಕಿ ಬಂದಾಗ ಫಿಲ್ಮಿನ ಎಡ ಅಂಚಿನಲ್ಲಿ ಸುಮಾರು ಎರಡೂವರೆ ಮಿ.ಮೀ. ಜಾಗ ಧ್ವನಿಪಟ್ಟಿಗೆ ಹೋಯಿತು. ಮೂಕಿ ಚಿತ್ರವನ್ನು ಅಂಥ ಫಿಲ್ಮಿಗೆ ಹಾಗೇ ಮುದ್ರಿಸಿದ ಪ್ರತಿಯಲ್ಲಿ ಎಡಗಡೆ ಕತ್ತರಿಸಿಹೋಗಿರುತ್ತದೆ. ಬರಹದ ಕಾರ್ಡುಗಳ ಅಕ್ಷರಗಳು ಎಡ ಅಂಚಿಗೆ ಒತ್ತರಿಸಿಕೊಂಡು, ಬಲಕ್ಕೆ ಜಾಗ ಖಾಲಿ ಬಿದ್ದಿದ್ದರೆ ಅಂಥ ಪ್ರತಿ ಎಂದು ಅನುಮಾನಿಸಿ ಬೇರೆಯದನ್ನು ಹುಡುಕಿ.

ಎಲ್ಲಕ್ಕಿಂತ ದೊಡ್ಡ ಹಾನಿ ವೇಗದ್ದು. ಆಗಿನ ಕ್ಯಾಮೆರಾ ಕೈಯಲ್ಲಿ ತಿರುಗಿಸುವಂಥದ್ದು. ಹಿಡಿಯ ಒಂದು ಸುತ್ತಿಗೆ ಎಂಟು ಫ್ರೇಮ್ (ಫಿಲ್ಮಿನ ಬಿಡಿ ಚಿತ್ರ), ಸೆಕೆಂಡಿಗೆ ಎರಡು ಸುತ್ತು ಎಂದರೆ 16 ಫ್ರೇಮ್. 1920ರ ದಶಕದಲ್ಲಿ ವೇಗ ಏರುತ್ತ ಹೋಯಿತು, ಚಿತ್ರದಿಂದ ಚಿತ್ರಕ್ಕೆ ಬೇರೆ ಬೇರೆ ಇತ್ತು. ಧ್ವನಿ ಬಂದ ಮೇಲೆ 24ಕ್ಕೆ ನಿಂತಿತು, ಏಕೆಂದರೆ ವೇಗ ಏರುಪೇರಾದರೆ ದನಿಯೂ ಏರುಪೇರಾಗುತ್ತದೆ. 16ರಲ್ಲಿ ತೆಗೆದದ್ದನ್ನು 24ರಲ್ಲಿ ಓಡಿಸಿದರೆ ಒಂದೂವರೆ ಪಟ್ಟು ಜೋರು. ಇದರಿಂದ ಹೆಚ್ಚು ಪೆಟ್ಟು ತಿನ್ನುವವನು ಹಳ್ಳಿಗನೇ. ರೈಲಿನಿಂದ ಇಳಿದು ಗಂಟು ಕೆಳಗಿಟ್ಟು, ಎತ್ತರದ ಕಟ್ಟಡವನ್ನು ತಲೆ ಎತ್ತಿ ನೋಡಿ, ರಸ್ತೆ ದಾಟಲೋ ಬೇಡವೋ ಎಂದು ಅನುಮಾನಿಸುವ ಎರಡು ಸೆಕೆಂಡು ಇರುತ್ತದಲ್ಲ, ನಟನ ಕೆಲಸವೆಲ್ಲ ಇರುವುದು ಅಲ್ಲಿ. ಅದು 1.3 ಸೆಕೆಂಡಿಗೆ ಇಳಿದರೆ ಅನುಮಾನ ಹೋಗಿ ಬರೀ ಬೆದರಿದ ಕೋಳಿಯ ಕತ್ತಾಟ ಉಳಿಯುತ್ತದೆ. ಯೋಚಿಸುವವನು ಯೋಚನೆಯೇ ಇಲ್ಲದವನಾಗಿ ಕಾಣುತ್ತಾನೆ.

ವೇಗ ಸರಿಯಿದೆಯೇ ಎಂದು ನೋಡಲು ನಾಯಕನನ್ನು ನೋಡಬೇಡಿ, ಹಿನ್ನೆಲೆಯಲ್ಲಿ ಸುಮ್ಮನೆ ನಡೆದು ಹೋಗುವವರನ್ನು ನೋಡಿ. ಮನುಷ್ಯ ಸಾಧಾರಣವಾಗಿ ಸೆಕೆಂಡಿಗೆ ಎರಡು ಹೆಜ್ಜೆ ಇಡುತ್ತಾನೆ. ಮೂರು ಬಿದ್ದರೆ ವೇಗ ಹೆಚ್ಚು. ಫಿಲ್ಮಿನ ಪ್ರತಿ ಎಷ್ಟು ಅಡಿ ಉದ್ದವಿದೆ ಎಂದು ಗೊತ್ತಿದ್ದರೆ ಲೆಕ್ಕ ಇನ್ನೂ ಸುಲಭ. 35 ಮಿ.ಮೀ. ಫಿಲ್ಮಿನಲ್ಲಿ ಒಂದು ಅಡಿಗೆ 16 ಫ್ರೇಮ್. ಆದ್ದರಿಂದ 16ರ ವೇಗದಲ್ಲಿ ನಿಮಿಷಕ್ಕೆ 60 ಅಡಿ, 20ರಲ್ಲಿ 75, 24ರಲ್ಲಿ 90 ಅಡಿ ಓಡುತ್ತದೆ. 6,000 ಅಡಿಯ ಚಿತ್ರ ಕ್ರಮವಾಗಿ 100, 80, 67 ನಿಮಿಷ ಬರಬೇಕು. 24ರಲ್ಲಿ ಓಡುವ ಫೈಲನ್ನು ಕಂಪ್ಯೂಟರಿನಲ್ಲಿ ಓಡಿಸುವವರು ಪ್ಲೇಯರಿನ ವೇಗವನ್ನು 16ರ ಚಿತ್ರಕ್ಕೆ 0.67, 18ಕ್ಕೆ 0.75, 20ಕ್ಕೆ 0.83 ಎಂದು ಇಡಬಹುದು. ಅದಕ್ಕೆ ಮುಂಚೆ ಒಂದು ಪರೀಕ್ಷೆ ಮಾಡಿ. ಚಿತ್ರ ನಿಲ್ಲಿಸಿ ಒಂದೊಂದೇ ಫ್ರೇಮ್ ಮುಂದೂಡಿ. ಪ್ರತಿ ಮೂರರಲ್ಲಿ ಎರಡು ಫ್ರೇಮ್ ಒಂದೇ ತೆರನಾಗಿದ್ದರೆ, 16ರ ಚಿತ್ರವನ್ನು 24ಕ್ಕೆ ಆಗಲೇ ಹಿಗ್ಗಿಸಿ ಮುದ್ರಿಸಿದ್ದಾರೆ ಎಂದರ್ಥ. ಅದನ್ನು ಮತ್ತೆ ನಿಧಾನಿಸಿದರೆ ಪಾತ್ರಗಳು ನೀರಿನೊಳಗೆ ನಡೆದಂತೆ ಕಾಣುತ್ತವೆ. ವೇಗ ಬದಲಿಸಿದರೆ ಜೊತೆಗಿರುವ ಸಂಗೀತವೂ ಕೆಡುತ್ತದೆ, ಅದನ್ನು ಮ್ಯೂಟ್ ಮಾಡಿ ಬೇರೆ ಸಂಗೀತ ಹೊಂದಿಸಿಕೊಳ್ಳಬೇಕು.

ಹಾಗೆಂದು ಎಲ್ಲವನ್ನೂ ಸಹಜ ನಡಿಗೆಗೆ ಇಳಿಸಲು ಹೋಗಬೇಡಿ, ಇದು ಅತಿ ಉತ್ಸಾಹಿಗಳ ತಪ್ಪು. ಬೆನ್ನಟ್ಟುವ ದೃಶ್ಯಗಳಲ್ಲಿ ಹಾಸ್ಯಗಾರರು ಬೇಕೆಂದೇ ಹಿಡಿಯನ್ನು ನಿಧಾನವಾಗಿ, ಸೆಕೆಂಡಿಗೆ 12 ಫ್ರೇಮಿನ ಹಾಗೆ ತಿರುಗಿಸುತ್ತಿದ್ದರು. ತೆರೆಯ ಮೇಲೆ ಅದು ಜೋರಾಗಿಯೇ ಕಾಣಲಿ ಎಂಬುದು ಅವರ ಉದ್ದೇಶ. ಕೋಣೆಯೊಳಗೆ ಮಾತಾಡುವ, ಊಟ ಮಾಡುವ ದೃಶ್ಯದಿಂದ ವೇಗ ನಿರ್ಧರಿಸಿ, ಓಟ ತನ್ನಷ್ಟಕ್ಕೆ ಓಡಲಿ.

ಕಾರ್ಡುಗಳ ಅನುವಾದದ ಬಗ್ಗೆ ಒಂದೇ ಉದಾಹರಣೆ ಸಾಕು. ಹಾಸ್ಯನಟ ಬಸ್ಟರ್ ಕೀಟನ್‌ನ 1922ರ ‘ಡೇಡ್ರೀಮ್ಸ್’ ಪೂರ್ತಿ ನಿಂತಿರುವುದು ಕಾಗದಗಳ ಮೇಲೆ. ಹುಡುಗಿಯ ಕೈ ಹಿಡಿಯಲು ಯೋಗ್ಯತೆ ತೋರಿಸುತ್ತೇನೆಂದು ಪಟ್ಟಣಕ್ಕೆ ಹೋದವನು ಊರಿಗೆ ಬರೆಯುತ್ತಾನೆ. ಆಸ್ಪತ್ರೆಯಲ್ಲಿ ಕೆಲಸ ಎಂದು ಬರೆದರೆ ಅವಳು ಶಸ್ತ್ರವೈದ್ಯನನ್ನು ಕಲ್ಪಿಸಿಕೊಳ್ಳುತ್ತಾಳೆ, ಅವನಿರುವುದು ನಾಯಿ ಬೆಕ್ಕುಗಳ ಆಸ್ಪತ್ರೆಯಲ್ಲಿ. ಮುಂದಿನ ಕಾಗದದಲ್ಲಿ ನ್ಯೂಯಾರ್ಕಿನ ಹಣಕಾಸು ವ್ಯವಹಾರದ ಬೀದಿಯಾದ ವಾಲ್ ಸ್ಟ್ರೀಟಿನಲ್ಲಿ ‘ಕ್ಲೀನ್ ಅಪ್’ ಮಾಡುತ್ತಿರುವುದಾಗಿ ಸುದ್ದಿ. ಇಂಗ್ಲಿಷಿನಲ್ಲಿ ಅದಕ್ಕೆ ಲಾಭ ಹೊಡೆಯುವುದು ಎಂದೂ ಅರ್ಥವಿದೆ, ಗುಡಿಸುವುದು ಎಂದೂ ಇದೆ. ಅವಳ ಕಣ್ಣಲ್ಲಿ ಅವನು ಹಣಕಾಸಿನ ಧಣಿ, ನಿಜದಲ್ಲಿ ಬೀದಿ ಗುಡಿಸುವವನು. ‘ಸ್ವಚ್ಛಗೊಳಿಸುತ್ತಿದ್ದೇನೆ’ ಎಂದು ಅನುವಾದಿಸಿದರೆ ಗುಟ್ಟು ಮೊದಲೇ ರಟ್ಟು. ‘ಚೆನ್ನಾಗಿ ಸಂಪಾದಿಸುತ್ತಿದ್ದೇನೆ’ ಎಂದರೆ ಅವನು ಸುಳ್ಳುಗಾರನಾಗುತ್ತಾನೆ, ಅಷ್ಟೇ ಅಲ್ಲ, ಆ ಪಾತ್ರವೇ ಕೆಡುತ್ತದೆ. ಅವನು ಬರೆದದ್ದರಲ್ಲಿ ಸುಳ್ಳಿನ ಅಕ್ಷರವೊಂದೂ ಇಲ್ಲ, ಓದಿದವಳ ಆಸೆ ಅದಕ್ಕೆ ರೆಕ್ಕೆ ಕಟ್ಟಿತು. ಕನ್ನಡದಲ್ಲಿ ನಮ್ಮ ಪುಣ್ಯಕ್ಕೆ ‘ಬಾಚು’ ಇದೆ. ‘ವಾಲ್ ಸ್ಟ್ರೀಟಿನಲ್ಲಿ ಎರಡೂ ಕೈಯಲ್ಲಿ ಬಾಚುತ್ತಿದ್ದೇನೆ’ ಎಂದು ಹಾಕಿ ನೋಡಿ. ಹಣವನ್ನೂ ಬಾಚುತ್ತೇವೆ, ಕಸವನ್ನೂ ಬಾಚುತ್ತೇವೆ. ಕೈಯಲ್ಲಿ ಪೊರಕೆ ಕಂಡ ಕ್ಷಣ ನಗು ತಾನಾಗಿ ಬರುತ್ತದೆ.

ಪ್ರತಿ ಕಾರ್ಡು ತೆರೆಯ ಮೇಲೆ ಎಷ್ಟು ಹೊತ್ತು ಇರಬೇಕು ಎಂಬುದಕ್ಕೆ ನಾವು ಪಾಲಿಸುವ ಅಳತೆ, ಕನ್ನಡ ಸಾಲನ್ನು ಒಮ್ಮೆ ಗಟ್ಟಿಯಾಗಿ ಓದಲು ಹಿಡಿಯುವ ಸಮಯಕ್ಕೆ ಎರಡು ಸೆಕೆಂಡು ಕೂಡಿಸುವುದು. ಹಳೆಯ ಕೆಲವು ಪ್ರತಿಗಳಲ್ಲಿ ಕಾರ್ಡು ಕೆಲವೇ ಫ್ರೇಮ್ ಉಳಿದಿರುತ್ತದೆ, ಮಿಂಚಿನಂತೆ ಮಾಯ. ಅದನ್ನು ನಿಲ್ಲಿಸಿ ಹಿಗ್ಗಿಸಿಕೊಳ್ಳಿ. ಕಾರ್ಡುಗಳನ್ನು ಮಾತ್ರ ಅನುವಾದಿಸಿ ಗೋಡೆಯ ಫಲಕ, ಬೆಲೆಚೀಟಿ, ಕಾಗದ ಇವನ್ನು ಮರೆಯುವುದು ತೀರಾ ಸಾಮಾನ್ಯ. ಆ ಗ್ಯಾಸಿನ ಫಲಕ ಓದದವನಿಗೆ ಶವಯಾತ್ರೆ ಎಲ್ಲಿಂದ ಬಂತೆಂದು ತಿಳಿಯುವುದು ಹೇಗೆ? ಹಳ್ಳಿ ಪಾತ್ರದ ಮಾತನ್ನು ಕನ್ನಡದ ಯಾವುದೋ ಒಂದು ಸೀಮೆಯ ಆಡುನುಡಿಗೆ ಹಾಕಿ ಅಗ್ಗದ ನಗು ಗಿಟ್ಟಿಸುವುದಂತೂ ಬೇಡವೇ ಬೇಡ. 1901ರ ಗೇಲಿಯನ್ನು ಹಿಂಬಾಗಿಲಿನಿಂದ ಒಳಗೆ ಕರೆತಂದಂತಾಗುತ್ತದೆ.

ಸಂಗೀತ ನುಡಿಸುವವರಿಗೆ ಒಂದು ಕೋರಿಕೆ. ಪ್ರತಿ ಬೀಳುವಿಕೆಗೂ ಧಡಾರ್ ಎಂದು ಬಾರಿಸಬೇಡಿ, ನಾಲ್ಕನೆಯ ಸಲಕ್ಕೆ ಅದು ಬೇಸರ. ಕಾರ್ಡು ಬಂದಾಗ ನಿಲ್ಲಿಸಬೇಡಿ. ಗಡಿಯಾರದ ಮುಳ್ಳು ಕೆಳಗೆ ಜಾರುವಾಗ ಬೇಕಾದರೆ ಪೂರ್ತಿ ನಿಲ್ಲಿಸಿ, ಸಭಾಂಗಣದ ಉಸಿರೇ ಸಾಕು.

ಹೆಣ್ಣುಮಕ್ಕಳ ಚಿತ್ರಗಳನ್ನು ಪುರವಣಿಯ ಬರಹ ಮರೆತೇಬಿಟ್ಟಿದೆ. ಮೇಬಲ್ ನಾರ್ಮಂಡ್‌ರ ‘ದಿ ಎಕ್ಸ್‌ಟ್ರಾ ಗರ್ಲ್’ (1923), ಕಾಲೀನ್ ಮೂರ್‌ರ ‘ಎಲ್ಲಾ ಸಿಂಡರ್ಸ್’ (1926), ಕಿಂಗ್ ವಿಡರ್ ನಿರ್ದೇಶನದಲ್ಲಿ ಮೇರಿಯನ್ ಡೇವಿಸ್‌ರ ‘ಶೋ ಪೀಪಲ್’ (1928), ಮೂರರಲ್ಲೂ ದೂರದ ಊರಿನ ಹುಡುಗಿ ಹಾಲಿವುಡ್‌ಗೆ ಬರುತ್ತಾಳೆ. ಮೊದಲನೆಯದರಲ್ಲಿ ಮೇಬಲ್ ಸಿಂಹದ ವೇಷ ಹಾಕಿದ ನಾಯಿ ಎಂದುಕೊಂಡು ನಿಜವಾದ ಸಿಂಹಕ್ಕೆ ಹಗ್ಗ ಕಟ್ಟಿ ಸ್ಟುಡಿಯೋ ತುಂಬ ಎಳೆದಾಡುತ್ತಾಳೆ. ಎಲ್ಲರೂ ಚೆಲ್ಲಾಪಿಲ್ಲಿ, ಇವಳೊಬ್ಬಳೇ ನಿರಾಳ. ಕೀಟನ್‌ನ ‘ಗೋ ವೆಸ್ಟ್’ (1925) ತದ್ವಿರುದ್ಧ ದಾರಿ ಹಿಡಿಯುತ್ತದೆ. ನ್ಯೂಯಾರ್ಕಿನ ಪಾದಚಾರಿ ಗುಂಪು ಅವನನ್ನು ತುಳಿದುಕೊಂಡೇ ಹೋಗುತ್ತದೆ, ಅವನು ಗೂಡ್ಸ್ ರೈಲು ಹತ್ತಿ ದನಗಳ ಸೀಮೆಗೆ ಹೋಗುತ್ತಾನೆ, ಕೊನೆಗೆ ದನಗಳ ಹಿಂಡೇ ಲಾಸ್ ಏಂಜಲಿಸ್‌ನ ಬೀದಿಗೆ ಇಳಿಯುತ್ತದೆ. ಪಟ್ಟಣಕ್ಕೆ ಹಳ್ಳಿಯೇ ಬಂದಾಗ ಕಕ್ಕಾಬಿಕ್ಕಿಯಾಗುವ ಸರದಿ ಪಟ್ಟಣದ್ದು.

ಅಮೆರಿಕದಾಚೆ ಒಂದೇ ಚಿತ್ರ ತೋರಿಸಲು ಸಾಧ್ಯವಿದ್ದರೆ ಸೋವಿಯತ್ ನಿರ್ದೇಶಕ ಬೋರಿಸ್ ಬಾರ್ನೆಟ್‌ರ ‘ದಿ ಹೌಸ್ ಆನ್ ಟ್ರುಬ್ನಾಯಾ’ (1928) ತೋರಿಸಿ. ಪರಾಶಾ ಎಂಬ ಹಳ್ಳಿ ಹುಡುಗಿ, ವೇರಾ ಮರೆತ್ಸ್ಕಾಯಾ ಆ ಪಾತ್ರದಲ್ಲಿ, ಬಾತುಕೋಳಿಯನ್ನು ಎದೆಗವಚಿಕೊಂಡು ಮಾಸ್ಕೋಗೆ ಬರುತ್ತಾಳೆ. ನೆಂಟನನ್ನು ಹುಡುಕಿ ಬಂದರೆ ಅವನು ಹಳ್ಳಿಗೆ ಹೊರಟುಹೋಗಿದ್ದಾನೆ. ಹಲವು ಅಂತಸ್ತಿನ ಮನೆಯ ಮೆಟ್ಟಿಲನ್ನು ಅಡ್ಡಲಾಗಿ ಸೀಳಿಟ್ಟಂತೆ ಸೆಟ್ ಕಟ್ಟಿದ್ದಾರೆ, ಕ್ಯಾಮೆರಾ ಕೆಳಗಿನಿಂದ ಮೇಲಕ್ಕೆ ಏರುತ್ತದೆ. ಪಟ್ಟಣದವರು ಕಸ ಸುರಿಯುವುದೂ ಸೌದೆ ಒಡೆಯುವುದೂ ಆ ಮೆಟ್ಟಿಲ ಮೇಲೆಯೇ. ನಾಗರಿಕತೆಯ ಪಾಠ ಯಾರಿಗೆ ಬೇಕಿದೆ ಎಂದು ಬಾರ್ನೆಟ್ ಒಂದೇ ಶಾಟ್‌ನಲ್ಲಿ ತೋರಿಸಿಬಿಡುತ್ತಾರೆ.

ಯಂತ್ರದ ಬಳಿ ಕೂರುವವರಿಗೆ ಮುಂಚೆಯೇ ಒಂದು ಮಾತು ಹೇಳಿರಿ. ಈ ಚಿತ್ರದ ಆರಂಭದಲ್ಲಿ ಬಾತುಕೋಳಿ ಕೈತಪ್ಪಿ ಬೀದಿಗೆ ಓಡುತ್ತದೆ, ಹುಡುಗಿ ಅದರ ಹಿಂದೆ, ಎದುರಿನಿಂದ ಟ್ರಾಮು. ಅಲ್ಲಿಗೆ ಚಿತ್ರ ಗಕ್ಕನೆ ನಿಂತುಬಿಡುತ್ತದೆ. ಬಾತುಕೋಳಿ ಮಾಸ್ಕೋಗೆ ಬಂದ ಬಗೆ ಹೇಳಲೆಂದು ಆಮೇಲೆ ದೃಶ್ಯ ಹಿಂದುಮುಂದಾಗಿ ಓಡುತ್ತದೆ. ಯಂತ್ರ ಕೆಟ್ಟಿಲ್ಲ, ಫೈಲೂ ಸಿಕ್ಕಿಹಾಕಿಕೊಂಡಿಲ್ಲ. ಯಾವ ಗುಂಡಿಯನ್ನೂ ಒತ್ತದೆ, ದೀಪ ಹಾಕದೆ ಕಾಯಬೇಕು.

ಇತಿ,
ಮೂಕಿ ಚಿತ್ರಗಳನ್ನು ಪ್ರೀತಿಯಿಂದ ತೋರಿಸುವ ಕೆಲವು ಓದುಗರು